ಏಪ್ರಿಲ್ ಇಲ್ಲದ ವರ್ಷ

ಜೂನ್ 9, ಸೋಮವಾರ. ಬೆಳಿಗ್ಗೆ

ಇಂದೂ ಅದೇ. ಎಚ್ಚರವಾದಾಗ ಮೂಗಿನ ಕೆಳಗೆ ಇವರ ಬೆರಳು. ಕಣ್ಣು ಬಿಟ್ಟೆ. ಕೈ ತೆಗೆದು, ಏನೂ ಆಗಿಲ್ಲವೆಂಬಂತೆ ಹೊದಿಕೆ ಸರಿಮಾಡಿದರು.

"ಉಸಿರ ಅದ ಏನು?" ಎಂದೆ.

"ಹಂಗೇನಿಲ್ಲ. ಸೊಳ್ಳಿ ಕೂತಿತ್ತು."

ದಿನಾ ಅದೇ ಸೊಳ್ಳೆ.

ಬಚ್ಚಲಿನ ಚಿಲಕ ಬಿಚ್ಚಿಸಿದ್ದಾರೆ. ನಾನು ಆಸ್ಪತ್ರೆಯಿಂದ ಬರುವ ಮೊದಲೇ. ಒಳಗೆ ನಾನು, ಹೊರಗೆ ಸ್ಟೂಲಿನ ಮೇಲೆ ಅತ್ತೆ. ಎಂಬತ್ತು ದಾಟಿದ ಜೀವ, ಮಗ ಕೂಡಿಸಿದ ಕಾವಲಿಗೆ ಕೂತಿದ್ದಾರೆ. ಎರಡು ತಂಬಿಗೆ ಸುರಿದುಕೊಳ್ಳುವುದರೊಳಗೆ "ಲೇಖಾ, ಇದ್ದೀ ಏನವಾ?" ಇದ್ದೇನೆ. ಮತ್ತೊಂದು ತಂಬಿಗೆ. "ಲೇಖಾ?" ಇದ್ದೇನೆ! ಸಾಬೂನು ಜಾರಿತು, ಬಗ್ಗಿ ಹುಡುಕುತ್ತಿದ್ದೆ, ಉತ್ತರ ಕೊಡುವುದು ತಡವಾಯಿತು. ಬಾಗಿಲು ತೆರೆದೇಬಿಟ್ಟರು. ಐವತ್ತರ ಹತ್ತಿರ ಬಂದ ಹೆಂಗಸು ನಾನು. ಮೈಮೇಲೆ ನೊರೆ. ಅತ್ತೆ ನಿರಾಳವಾಗಿ, "ಹೂಂ, ಇದ್ದಿ," ಎಂದು ಬಾಗಿಲು ಮುಚ್ಚಿಕೊಂಡರು.

ಎಡಗೈ ಭುಜದಿಂದ ಮೇಲೆ ಎತ್ತುವಂತಿಲ್ಲ. ಕೊರಳೆಲುಬಿನ ಕೆಳಗೆ, ಚರ್ಮದೊಳಗೆ, ಒಂದು ಯಂತ್ರ ಕೂಡಿಸಿದ್ದಾರೆ. ಹೃದಯ ಮತ್ತೆ ದಾರಿ ತಪ್ಪಿದರೆ ಒಳಗಿಂದಲೇ ಶಾಕ್ ಕೊಡುತ್ತದಂತೆ. ಜಡೆ ಹಾಕಿಕೊಳ್ಳಲಾಗುವುದಿಲ್ಲ. ಮಗಳು ಸುರಭಿ ಹಾಕಿ ಕಾಲೇಜಿಗೆ ಹೋಗುತ್ತಾಳೆ. ನಾನು ಅವಳಿಗೆ ಹಾಕುತ್ತಿದ್ದಾಗ ಹೇಗೆ ಎಳೆಯುತ್ತಿದ್ದೆನೋ ಹಾಗೆಯೇ ಎಳೆಯುತ್ತಾಳೆ.

ದಿನಾ ನಾಲ್ಕು ಸಾಲು ಬರೆಯಿರಿ, ನೆನಪಿಗೆ ಒಳ್ಳೆಯದು ಎಂದು ಡಾಕ್ಟರು ಹೇಳಿದ್ದಕ್ಕೆ ಇದು. ಕನ್ನಡದಲ್ಲೇ ಬರೆಯುವೆ. ಮಗಳಿಗೆ ಕನ್ನಡ ಓದಲು ಬರುವುದಿಲ್ಲ. ಇವರಿಗೆ ನನ್ನ ಅಕ್ಷರ ತಿಳಿಯುವುದಿಲ್ಲ. ಈ ಮನೆಯಲ್ಲಿ ಚಿಲಕ ಇರುವ ಜಾಗ ಇದೊಂದೇ.

ಜೂನ್ 11, ಬುಧವಾರ

ನನಗೆ ಏನಾಯಿತು ಎಂಬುದು ನನ್ನನ್ನು ಬಿಟ್ಟು ಎಲ್ಲರಿಗೂ ಗೊತ್ತು. ಕೇಳಿದ್ದನ್ನು ಬರೆದಿಡುತ್ತೇನೆ.

ಏಪ್ರಿಲ್ ಕೊನೆಯ ವಾರ. ಬೆಳಿಗ್ಗೆ. ಇಲ್ಲಿ ಸೊಲ್ಲಾಪುರದಿಂದ ಕೆಲಸಕ್ಕೆ ಅಕ್ಕಲಕೋಟ ಬಸ್ಸು ಹಿಡಿಯಲು ಹೊರಟವಳು ಅಡುಗೆಮನೆಯಲ್ಲಿ ಬಿದ್ದೆ. ಹೃದಯ ನಿಂತಿತ್ತು. ಇವರು ಬ್ಯಾಂಕಿನ ತರಬೇತಿಯಲ್ಲಿ ಯಾವಾಗಲೋ ರಬ್ಬರ್ ಗೊಂಬೆಯ ಮೇಲೆ ಕಲಿತದ್ದನ್ನು ನನ್ನ ಮೇಲೆ ಮಾಡಿದರು. ಎದೆ ಒತ್ತಿದರು, ಆಂಬುಲೆನ್ಸ್ ಬರುವವರೆಗೂ. ಪಕ್ಕೆಲುಬು ಮುರಿದವು. ಶಾಕ್ ಕೊಟ್ಟಾಗ ಹೃದಯ ಮತ್ತೆ ಬಡಿಯತೊಡಗಿತು. ಆಮೇಲೆ ಐಸಿಯು, ಬಾಯಲ್ಲಿ ನಳಿಗೆ, ಮೈ ತಣ್ಣಗೆ ಮಾಡಿ ಇಟ್ಟಿದ್ದರಂತೆ.

ಯುಗಾದಿಯ ಹೋಳಿಗೆ ನೆನಪಿದೆ. ಹೂರಣ ಸ್ವಲ್ಪ ಸಡಿಲಾಗಿತ್ತು. ಅದಾದ ಮೇಲೆ ನೇರ ಐಸಿಯುವಿನ ಬಿಳಿ ಛಾವಣಿ. ನಡುವೆ ಏಪ್ರಿಲ್ ಇಲ್ಲ. ಡಾಕ್ಟರು ಮರಾಠಿಯಲ್ಲಿ ಹೇಳಿದರು: ಅದು ಮರಳಿ ಬರುವುದಿಲ್ಲ, ಹುಡುಕಬೇಡಿ.

ಜನ ಬರುತ್ತಲೇ ಇದ್ದಾರೆ. ಅಕ್ಕಲಕೋಟದ ಸ್ವಾಮಿ ಮಹಾರಾಜರ ಕೃಪೆ, ಮರುಜನ್ಮ ಎನ್ನುತ್ತಾರೆ. ಇವತ್ತು ಬಂದ ಇವರ ಚಿಕ್ಕಮ್ಮ ಚಹಾ ಮುಗಿಸಿ, ದನಿ ತಗ್ಗಿಸಿ, "ಅಲ್ಲಿ ಏನ ಕಂಡ್ತವಾ?" ಎಂದರು.

"ಎಲ್ಲಿ?"

"ಅಲ್ಲೇ. ಹೋಗಿ ಬಂದೀಯಲ್ಲ."

"ಏನೂ ಕಾಣಲಿಲ್ಲ."

"ಬೆಳಕು? ಯಾರರೆ ಕರದಂಗ?"

"ಏನೂ ಇಲ್ಲ ಮೌಶಿ. ನಿದ್ದಿನೂ ಅಲ್ಲ."

ಮುಖ ಸಣ್ಣದಾಯಿತು ಅವರದು. ಏನೋ ಮುಚ್ಚಿಡುತ್ತಿದ್ದೇನೆ ಎಂದುಕೊಂಡರು. ಸಾಯುವುದರಲ್ಲೂ ನಾನು ಸರಿಯಾಗಿ ಗಮನ ಕೊಡಲಿಲ್ಲವೆಂಬ ಹಾಗೆ.

ಜೂನ್ 14, ಶನಿವಾರ

ಹಿಟ್ಟು ಸೋಸಬೇಕಿತ್ತು. ಅತ್ತೆಗೆ "ಅದು ಕೊಡ್ರಿ" ಎಂದೆ. ಅದು... ಅದು... ಕೈ ಅಲ್ಲಾಡಿಸಿ ತೋರಿಸಿದೆ. ಕೊನೆಗೆ ಬಾಯಿಂದ ಬಂದದ್ದು "ಚಾಳಣ". ಮರಾಠಿ. ಅತ್ತೆ ತೆಗೆದು ಕೊಟ್ಟರು. ಅವರಿಗೆ ಅದರಲ್ಲಿ ಏನೂ ವಿಶೇಷ ಕಾಣಲಿಲ್ಲ.

ಸೋಸಿ, ಹಿಟ್ಟು ನಾದಿ, ಮೂರು ಚಪಾತಿ ಆದ ಮೇಲೆ ಬಂತು: ಜರಡಿ.

ಇಲ್ಲಿ ಎಲ್ಲರೂ ಬೆರೆಸಿಯೇ ಮಾತಾಡುವವರು. ಅರ್ಧ ಕನ್ನಡ, ಅರ್ಧ ಮರಾಠಿ, ನಡುವೆ ಇಂಗ್ಲಿಷು. ಹಾಗಾಗಿ ನನಗೆ ಶಬ್ದ ಸಿಗುತ್ತಿಲ್ಲವೆಂಬುದು ಯಾರ ಕಿವಿಗೂ ಬೀಳುವುದಿಲ್ಲ. ಬೇರೆ ಊರಾಗಿದ್ದರೆ ಒಂದೇ ದಿನದಲ್ಲಿ ಗೊತ್ತಾಗುತ್ತಿತ್ತು.

ಆದರೆ ನಾನು ಅಕ್ಕಲಕೋಟ ಕೋರ್ಟಿನ ದುಭಾಷಿ. ಹಳ್ಳಿಯವರು ಕನ್ನಡದಲ್ಲಿ ಸಾಕ್ಷಿ ಹೇಳುತ್ತಾರೆ, ನಾನು ಜಡ್ಜರಿಗೆ ಮರಾಠಿಯಲ್ಲಿ ಹೇಳುತ್ತೇನೆ. ಜಡ್ಜರ ಪ್ರಶ್ನೆ ತಿರುಗಿ ಕನ್ನಡಕ್ಕೆ. ಇಪ್ಪತ್ತು ವರ್ಷದ ಮೇಲಾಯಿತು. ಮನೆಯಲ್ಲಿ ಹೇಗಾದರೂ ಮಾತಾಡಿರಬಹುದು, ಆ ಸಾಕ್ಷಿಯ ಕಟಕಟೆಯ ಪಕ್ಕ ನಿಂತಾಗ ಒಂದು ಭಾಷೆಯ ಶಬ್ದ ಇನ್ನೊಂದರೊಳಗೆ ಕಾಲಿಡಲು ಬಿಟ್ಟವಳಲ್ಲ.

ಜರಡಿ. ಜರಡಿ. ಜರಡಿ.

ಜೂನ್ 23, ಸೋಮವಾರ

ಆಸ್ಪತ್ರೆ. ಯಂತ್ರದ ತಪಾಸಣೆ ಆಯಿತು, ಚೆನ್ನಾಗಿದೆ. ಗಾಯ ಒಣಗಿದೆ. ಅದಾದ ಮೇಲೆ ಒಬ್ಬ ಎಳೆಯ ಡಾಕ್ಟರ್ ನೆನಪಿನ ಪರೀಕ್ಷೆ ಮಾಡಿದ. ಒಂದು ನಿಮಿಷದಲ್ಲಿ ಸಿಕ್ಕಷ್ಟು ಪ್ರಾಣಿಗಳ ಹೆಸರು ಹೇಳಬೇಕು. ಹೇಳಿದೆ. ಕುತ್ರಾ, ಮಾಂಜರ, ಹೋರಿ, ಮಣಕ, ಹೋತ, ಟಗರು... ದನಕರುಗಳ ವ್ಯಾಜ್ಯ ಎಷ್ಟು ಕೇಳಿಲ್ಲ! ಅವನು ಪೆನ್ನು ಹಿಡಿದು ಸುಮ್ಮನೆ ಕೂತಿದ್ದ. ನಾಯಿ, ಬೆಕ್ಕಿನಂತೆ ಮರಾಠಿಯಲ್ಲಿ ಬಂದವನ್ನಷ್ಟೇ ಎಣಿಸಿದ್ದಾನೆ. ಕಡಿಮೆ ಬಂತು ಎಂದ. ಕನ್ನಡದಲ್ಲಿ ಪರೀಕ್ಷೆ ಮಾಡುವವರು ಯಾರಾದರೂ ಇದ್ದಾರೆಯೇ ಎಂದು ಕೇಳಿದೆ. ಇಲ್ಲ.

ದೊಡ್ಡ ಡಾಕ್ಟರು ಆ ಕಾಗದ ನೋಡಲೇ ಇಲ್ಲ. "ಎಕ್ಸಲೆಂಟ್ ರಿಕವರಿ" ಎಂದರು. ಇಂಥವರಲ್ಲಿ ನಡೆದುಕೊಂಡು ಮನೆಗೆ ಹೋಗುವವರೇ ಕಡಿಮೆಯಂತೆ. ಒಬ್ಬನಿಗೆ ನಾನು ದಡ್ಡಿ, ಇನ್ನೊಬ್ಬರಿಗೆ ಪವಾಡ. ನಾನು ಹೇಳುವುದನ್ನು ಇಬ್ಬರೂ ಕೇಳಲಿಲ್ಲ.

ಆಗಸ್ಟಿನಿಂದ ಕೆಲಸಕ್ಕೆ ಹೋಗಬಹುದು ಎಂದರು. ನಾನು ಬಾಯಿ ತೆರೆಯುವ ಮೊದಲೇ ಇವರು, "ಇಲ್ಲ ಸರ್, ಆಕಿ ನೌಕರಿ ಬಿಡತಾಳ," ಎಂದರು. ಮರಾಠಿಯಲ್ಲಿ, ಎಷ್ಟು ಸಲೀಸಾಗಿ!

ಹೊರಗೆ ಬಂದು ಕೇಳಿದೆ. "ಯಾರ ಹೇಳಿದ್ರು ನಿಮಗ?"

"ನೀನs ಹೇಳಿದ್ದಿ. ಏಪ್ರಿಲ್‌ದಾಗ. ದಣಕೊಂಡು ಬಂದು, ಸಾಕಾತು, ಬಿಟ್ಟ ಬಿಡತೀನಿ ಅಂದಿದ್ದಿ."

ರಿಕ್ಷಾ ಹತ್ತಿದೆ. ಏನೆಂದು ವಾದಿಸುವುದು? ಇಲ್ಲ ಎನ್ನಲು ನನ್ನ ಹತ್ತಿರ ಏಪ್ರಿಲ್ ಇಲ್ಲ.

ಜೂನ್ 24

ಅಂದಿದ್ದೆನೇ? ಬೇಸಿಗೆ, ಎಸ್‌ಟಿ ಬಸ್ಸಿನ ಸೆಕೆ, ಸಂಜೆ ಮನೆಗೆ ಬಂದಾಗ ಸಿಟ್ಟಿನಲ್ಲಿ ಅಂದಿರಲೂಬಹುದು. ಯಾರು ಅನ್ನುವುದಿಲ್ಲ? ಆದರೆ ಅದು ಮಾತೇ?

ಅತ್ತೆಯನ್ನು ಕೇಳಿದೆ. "ನನಗ ಗೊತ್ತಿಲ್ಲವಾ. ನೀವಿಬ್ಬರು ಕೋಣ್ಯಾಗ ಮಾತಾಡೂದು ನನಗ ಎಲ್ಲಿ ಕೇಳಬೇಕು," ಎಂದರು. ಅತ್ತೆಯ ಕಿವಿಗೆ ಪಕ್ಕದ ಮನೆಯ ಕುಕ್ಕರಿನ ಸೀಟಿಯೂ ಕೇಳುತ್ತದೆ.

ಸುರಭಿ ಫೋನಿನಿಂದ ತಲೆ ಎತ್ತಲಿಲ್ಲ. "ಆಯಿ, ಬಾಬಾ ಅಂದ್ರ ಖರೇನ ಇರತದ. ಯಾಕ ಇಷ್ಟು ಟೆನ್ಶನ್ ತಗೋತಿ? ಡಾಕ್ಟರ್ ಬ್ಯಾಡ ಅಂದಾರ."

ಇದೊಂದು ಸಿಕ್ಕಿದೆ ಎಲ್ಲರಿಗೂ. ನಾನು ಸಿಟ್ಟಾಗುವಂತಿಲ್ಲ. ಸಿಟ್ಟಾದರೆ ನಾಡಿ ಹಿಡಿದು ನೋಡುತ್ತಾರೆ.

ಜುಲೈ 2, ಬುಧವಾರ

ನಂದಾ ಬಂದಿದ್ದಳು, ಕೋರ್ಟಿನಿಂದ. ಜಡ್ಜ್ ಸಾಹೇಬರ ಮುಂದೆ ಕೂತು ಪ್ರಕರಣಗಳ ಹೆಸರು ಕರೆಯುವ ಗುಮಾಸ್ತೆ. ಅಲ್ಲೇ ತಡವಳ ಹಳ್ಳಿಯವಳು. ಬರುವಾಗ ಮನೆಯ ಶೇಂಗಾ ಚಟ್ನಿ ತಂದಿದ್ದಳು. ಮರುಜನ್ಮ ಎನ್ನಲಿಲ್ಲ, ಬೆಳಕಿನ ವಿಚಾರ ಕೇಳಲಿಲ್ಲ. ಪುಣ್ಯಾತ್ಗಿತ್ತಿ.

"ಯಾವಾಗ ಬರ್ತೀರಿ ಲೇಖಾಬಾಯಿ? ಸೊಲ್ಲಾಪುರದಿಂದ ಸೋಮೇಶ ಅಂತ ಒಬ್ಬರನ್ನ ಹಾಕ್ಯಾರ. ಛಲೋ ಮನಷ್ಯಾ ಖರೆ. ಆದ್ರ ಅವರಿಗೆ ಪ್ಯಾಟಿ ಕನ್ನಡ ಬರತದರಿ, ನಮ್ಮ ಮಂದಿ ಕನ್ನಡ ತಿಳಿಯೂದಿಲ್ಲ. ಸಾಕ್ಷಿದಾರ ಒಂದು ಹೇಳ್ತಾನ, ಇವರು ಮತ್ತ ಮತ್ತ ಕೇಳ್ತಾರ, ಅಂವ ಹೆದರಿ ಸುಮ್ಮಾಗ್ತಾನ."

ಇವರು ಚಹಾ ತರಲು ಒಳಗೆ ಹೋದರು. ಮೆಲ್ಲಗೆ ಕೇಳಿದೆ. "ನಂದಾ, ನಾ ನೌಕರಿ ಬಿಡತೀನಿ ಅಂತ ಯಾವಾಗರೆ ಅಂದಿದ್ದೆನೇನು? ಏಪ್ರಿಲ್‌ದಾಗ?"

ನಕ್ಕಳು. "ನೀವಾ? ಬೀಳೂದಕ್ಕ ಹಿಂದಿನ ದಿನ ಊಟದ ಹೊತ್ತಿನ್ಯಾಗ ನನಗ ಬೈದೀರಿ. ನಾ ಬದಲಿ ಮಾಡಿಸಿಕೊಳ್ಳಲೇನ್ರಿ ಅಂತ ಕೇಳಿದ್ದಕ್ಕ. ಇಲ್ಲಿ ಮಂದೀನ ಯಾರ ಮ್ಯಾಲ ಬಿಟ್ಟು ಹೋಗ್ತಿ, ನಾ ರಿಟೈರ್ ಆಗೂತನಾ ಇಲ್ಲೇ ಇರಾಕಿ ಅಂದ್ರಿ."

ಚಹಾ ಬಂತು. ನಾನು ಕಪ್ಪು ಕುಡಿಯದೆ ಕೆಳಗಿಟ್ಟೆ. ಇವರು ತಕ್ಷಣ, "ದಣದ್ಯಾ? ಮಲ್ಕೋ," ಎಂದರು.

ಜುಲೈ 3

ಕೇಳಿಯೇಬಿಟ್ಟೆ. ಅತ್ತೆ ಗುಡಿಗೆ ಹೋಗಿದ್ದರು, ಸುರಭಿ ಕಾಲೇಜಿಗೆ.

"ಖರೇ ಹೇಳ್ರಿ. ನಾ ಹಂಗ ಅಂದಿದ್ದೆನೇನು?"

ಪೇಪರ್ ಮಡಿಸಿದರು. ಮತ್ತೆ ಬಿಚ್ಚಿದರು.

"ಇಲ್ಲ," ಎಂದರು.

ಅಷ್ಟೇ. ಇಲ್ಲ. ಹತ್ತು ದಿನದಿಂದ ನನ್ನ ತಲೆಯನ್ನೇ ನಾನು ಅನುಮಾನಿಸಿದ್ದೇನೆ. ಬಾಯಿಗೆ ಬಂದದ್ದೆಲ್ಲ ಅಂದೆ. ನನ್ನ ಒಂದು ತಿಂಗಳು ಖಾಲಿ ಬಿದ್ದಿದೆ ಎಂದು ಅದರಲ್ಲಿ ನಿಮಗೆ ಬೇಕಾದ್ದನ್ನು ತುಂಬುತ್ತೀರಾ ಎಂದೆ. ನಾಳೆ ಇನ್ನೇನು ಹೇಳುತ್ತೀರಿ, ಈ ಮನೆ ಮಾರಲು ಒಪ್ಪಿದ್ದೆ ಎನ್ನುತ್ತೀರಾ ಎಂದೆ. ನಾಡಿ ಹಿಡಿಯಲು ಕೈ ಚಾಚಿದರು. ತಳ್ಳಿದೆ.

ಆಗ ಮಾತಾಡಿದರು. ಇಲ್ಲಿಯವರೆಗೆ ಬಂದವರಿಗೆಲ್ಲ ಹೇಳುತ್ತಿದ್ದ ಕಥೆ ಅಲ್ಲ, ಬೇರೆ.

"ಗೊಂಬಿ ಮ್ಯಾಲ ಕಲಿಸಿದ್ರು. ಗೊಂಬಿಗೆ ಎಲುಬು ಇರೂದಿಲ್ಲ, ಲೇಖಾ. ನಿಂದು ಮುರಿದದ್ದು ನನ್ನ ಕೈಗೆ ಗೊತ್ತಾತು. ಕಟ್ ಅಂತು. ನಾನs ಕೊಲ್ಲಲಿಕತ್ತೀನಿ ಅನಸ್ತು. ಆದ್ರೂ ಒತ್ತಿದೆ. ನಿನ್ನ ಕಣ್ಣು ಅರ್ಧ ತಗದಿದ್ದವು, ನನ್ನ ಕಡೆ ನೋಡತಿದ್ದಿಲ್ಲ. ಸುರಭಿ ಫೋನಿನ್ಯಾಗ ಒದರತಿದ್ಲು. ಈಗ ನೀ ಬಸ್ಸ ಹತ್ತಿ ಹೋಗ್ತಿ. ವಳಸಂಗದ ಹತ್ರ, ಹೊಲದ ನಡುವ ಮತ್ತ ಹಂಗ ಆದ್ರ? ಯಾರ ಒತ್ತಬೇಕು?"

"ಅದಕ್ಕs ಅಲ್ಲೇನು ಯಂತ್ರ ಹಾಕಿದ್ದು?"

"ಯಂತ್ರ ನಿನಗ ಹಾಕ್ಯಾರ," ಎಂದರು. "ನನಗಲ್ಲ."

ಅಳು ಬಂತು. ನನಗೆ ಈಗ ಯಾವುದಕ್ಕಾದರೂ ಅಳು ಬರುತ್ತದೆ, ಎಣ್ಣೆಯ ಜಾಹೀರಾತಿಗೂ. ಅದಕ್ಕೆ ಅರ್ಥವಿಲ್ಲ. ಸಿಟ್ಟು ಮಾತ್ರ ಇಳಿದಿಲ್ಲ. ಎರಡೂ ಒಟ್ಟಿಗೆ ಇರಬಹುದೆಂದು ಯಾರೂ ಹೇಳಿರಲಿಲ್ಲ. ಈ ಮನುಷ್ಯನ ಕೈಯಿಂದ ಬದುಕಿದ್ದೇನೆ, ಮತ್ತು ಈ ಮನುಷ್ಯನ ಮುಖ ನೋಡಲು ಇವತ್ತು ಮನಸ್ಸಿಲ್ಲ.

ಕೊನೆಗೆ ಕೇಳಿದೆ. "ಹಂಗಾದ್ರ ಖರೇ ಏನ ಅಂದಿದ್ದೆ? ಆ ದಿನಗಳಾಗ?"

ಬಹಳ ಯೋಚಿಸಿದರು. "ಏನ ನೆನಪಿಟ್ಟಿರಬೇಕು ಲೇಖಾ... ದಿನಾ ಅನ್ನೂದ ಅಂತಿದ್ದಿ. ಹಾಲು ತಂದ್ರಿ ಏನು, ಗ್ಯಾಸ್ ಬಂತೇನು."

ಅವರ ಹತ್ತಿರವೂ ನನ್ನ ಏಪ್ರಿಲ್ ಇಲ್ಲ.

ಜುಲೈ 5

ಇವರು ಬಚ್ಚಲಿಗೆ ಮತ್ತೆ ಚಿಲಕ ಹಾಕಿಸಿದರು. ಅತ್ತೆ ಸ್ಟೂಲು ಅಲ್ಲೇ ಇಟ್ಟುಕೊಂಡಿದ್ದಾರೆ.

ಜುಲೈ 20, ಭಾನುವಾರ

ಆಗಸ್ಟಿಗೆ ಕೆಲಸಕ್ಕೆ ಹೋಗಲು ಅಭ್ಯಾಸ ನಡೆದಿದೆ. ಟಿವಿಯಲ್ಲಿ ಮರಾಠಿ ಸುದ್ದಿ, ಬಾತ್ಮಿ. ಒಂದೊಂದು ವಾಕ್ಯ ಕೇಳಿ ಜೋರಾಗಿ ಕನ್ನಡದಲ್ಲಿ ಹೇಳುವುದು. ಅತ್ತೆ ಎದುರಿಗೆ ಕೂತು ಕೇಳುವುದು. ಮೊದಲ ವಾರ ಅಧ್ವಾನ. ಶಬ್ದ ನಾಲಿಗೆಯ ತುದಿಗೆ ಬಂದು ಅಲ್ಲೇ ಕೂರುತ್ತದೆ. ಮಾತ್ರೆಗಳಿಗೆ ಮೈಯೆಲ್ಲ ಒದ್ದೆ ಬಟ್ಟೆಯಂತೆ ಭಾರ. ಮಧ್ಯಾಹ್ನದ ಮೇಲೆ ಏನೂ ಬರುವುದಿಲ್ಲ.

ಇವತ್ತು "ಪೂರ" ಎಂದರು. ಎಲ್ಲೋ ನದಿಗೆ ಪೂರ ಬಂದು ಊರಿಗೆ ನೀರು ನುಗ್ಗಿದೆ. ನಿಂತೆ. ಪೂರ... ಪೂರ...

"ಹೊಳಿ ಬಂದದ ಅನ್ನು," ಎಂದರು ಅತ್ತೆ.

"ನೀವು ಹೇಳಬ್ಯಾಡ್ರಿ!" ರಿಮೋಟ್ ಎಸೆದೆ. ಗೋಡೆಗೆ ಬಡಿದು ಸೆಲ್ಲು ಮಂಚದ ಕೆಳಗೆ ಹೋದವು. ಅತ್ತೆ ಮೊಣಕಾಲೂರಿ ಹುಡುಕಿ ತಂದು, ಹಾಕಿ, ಮತ್ತೆ ಅದೇ ಚಾನೆಲ್ ಹಚ್ಚಿದರು. "ಹೂಂ, ಮುಂದ ಹೇಳು. ಇನ್ನ ನಾ ಬಾಯಿ ಬಿಡೂದಿಲ್ಲ."

ಆಗಸ್ಟ್ 4, ಸೋಮವಾರ. ಅಕ್ಕಲಕೋಟ

ಬಂದೆ. ಇವರೂ ಬಂದಿದ್ದಾರೆ, ರಜೆ ಹಾಕಿ. ಬೇಡವೆಂದು ಜಗಳಾಡಿ ಸೋತೆ. ಬಸ್ಸಿನಲ್ಲಿ ವಳಸಂಗ ದಾಟುವವರೆಗೆ ನನ್ನನ್ನೇ ನೋಡುತ್ತಿದ್ದರು. ಕೋರ್ಟಿನ ಹಾಲ್‌ನಲ್ಲಿ ಹಿಂದಿನ ಬೆಂಚಿನ ಮೇಲೆ ಕೂತರು. ಕಕ್ಷಿದಾರನೆಂದು ತಿಳಿದು ಒಬ್ಬ ವಕೀಲ ಹೋಗಿ ಮಾತಾಡಿಸಿದ.

ಇವತ್ತು ಸಣ್ಣ ಎರಡು ಸಾಕ್ಷಿ. ಆಯಿತು. ಚೆನ್ನಾಗಿಯೇ ಆಯಿತು! ನಂದಾ ದೂರದಿಂದ ಕಣ್ಣು ಹೊಡೆದಳು.

ಆಗಸ್ಟ್ 6, ಬುಧವಾರ. ಸಂಜೆ

ಬರೆಯಲೇಬೇಕು. ಮನಸ್ಸಿಲ್ಲ.

ತಡವಳದ ಕಡೆಯ ಪ್ರಕರಣ. ಹೊಲದ ಬದುವಿನ ಮೇಲೆ ಜಗಳ. ಸಾಕ್ಷಿ ಶಾಂತಲಿಂಗಪ್ಪ, ಪಕ್ಕದ ಹೊಲದವ, ವಯಸ್ಸಾದ ಮನುಷ್ಯ. ಊಟದ ನಂತರದ ಹೊತ್ತು. ನನಗೆ ಆಗಲೇ ಕಣ್ಣು ಭಾರ. ಅವ ಹೇಳಿದ: "ಅಂವ ಕೊಡ್ಲಿ ಎತ್ತಿದ್ದ ಸಾಹೇಬ್ರ. ಹೊಡೀಲಿಲ್ಲ." ನಾನು ಮರಾಠಿಯಲ್ಲಿ ಹೇಳಿದೆ. ಬರೆದುಕೊಂಡರು. ವಕೀಲರು ಮುಂದಿನ ಪ್ರಶ್ನೆ ಕೇಳಿದರು, ಅದಕ್ಕೆ ಮುಂದಿನದು. ಕೊಡಲಿ ಎತ್ತಿದವ ಆರೋಪಿಯ ಕಟಕಟೆಯಲ್ಲಿ ಕೈಕಟ್ಟಿ ನಿಂತಿದ್ದ. ಎಳೆಯ ರೈತ. ಮರಾಠಿ ತಿಳಿಯದು, ನನ್ನ ಬಾಯನ್ನೇ ನೋಡುತ್ತಿದ್ದ.

ಮೂರನೆಯ ಪ್ರಶ್ನೆ ನಡೆದಾಗ ನನ್ನ ಕಿವಿಗೆ ನನ್ನದೇ ಮಾತು ಕೇಳಿಸಿತು. "ಕೊಡಲಿ ಎತ್ತಿದ, ಹೊಡೆದ" ಎಂದಿದ್ದೆ. "ಇಲ್ಲ" ಬಿದ್ದುಹೋಗಿತ್ತು.

ಯಾರಿಗೂ ಗೊತ್ತಾಗಿರಲಿಲ್ಲ. ಜಡ್ಜರು ನಾಗಪುರದ ಕಡೆಯವರು. ಸರಕಾರಿ ವಕೀಲರಿಗೆ ಕನ್ನಡ ಅಷ್ಟಕ್ಕಷ್ಟೇ, ಆರೋಪಿಯ ವಕೀಲರು ಕಾಗದ ತಿರುವುತ್ತಿದ್ದರು. ಸುಮ್ಮನಿದ್ದರೆ ಸುಮ್ಮನೆ ಹೋಗುತ್ತಿತ್ತು. ನನ್ನ ನೌಕರಿಯೂ ಇರುತ್ತಿತ್ತು.

ಕೈ ಎತ್ತಿದೆ. "ಸಾಹೇಬರೇ, ತಪ್ಪು ಹೇಳಿದ್ದೇನೆ. ಸಾಕ್ಷಿ ಹೊಡೆಯಲಿಲ್ಲ ಅಂದಿದ್ದಾನೆ. ತಿದ್ದಬೇಕು."

ಆರೋಪಿಯ ವಕೀಲರು ಎದ್ದು ನಿಂತರು, ಮೊನ್ನೆಯ ಸಾಕ್ಷಿಗಳಲ್ಲೂ ಹೀಗೇ ಆಗಿದ್ದರೆ ಎಂದರು. ಅವರು ಕೇಳಿದ್ದು ಸರಿ. ಜಡ್ಜರು ಸಾಕ್ಷಿಗೆ ಮತ್ತೆ ಕೇಳಿಸಿ, ತಿದ್ದಿಸಿ, ಬೇರೆ ದಿನ ಕೊಟ್ಟರು. ಮೊನ್ನೆಯ ಸಾಕ್ಷಿಗಳನ್ನೂ ಕರೆಸಿ, ಬರೆದದ್ದನ್ನು ಸೋಮೇಶರಿಂದ ಓದಿಸಿ ಕೇಳಲು ಹೇಳಿದರು. ಹಿಂದಿನ ಬೆಂಚಿನಲ್ಲಿ ಇವರು ಎದ್ದು ನಿಂತಿದ್ದರು.

ಆಮೇಲೆ ಜಡ್ಜರು ನನ್ನನ್ನು ಒಳಗೆ ಕರೆದರು. ಸಿಟ್ಟಾಗಲಿಲ್ಲ. ಸಿಟ್ಟಾಗಿದ್ದರೆ ಒಳ್ಳೆಯದಿತ್ತು. ಕಾಯಿಲೆ ದೊಡ್ಡದು, ನೀವು ವಿಶ್ರಾಂತಿ ತೆಗೆದುಕೊಳ್ಳಬೇಕು, ಸದ್ಯ ದಫ್ತರದ ಕೋಣೆಯಲ್ಲಿ ಕೂರಿ, ಮುಂದೆ ನೋಡೋಣ ಎಂದರು. ಹೂಂ ಎಂದೆ.

ಬಸ್ಸು ಹತ್ತಿದೆವು. ಇವರು ಒಮ್ಮೆಲೇ, "ಯಾಕ ಹೇಳಿದಿ? ಯಾರಿಗೂ ಗೊತ್ತಾಗಿದ್ದಿಲ್ಲ," ಎಂದರು. ಸಿಟ್ಟು ಬಂದಿತ್ತು ಅವರಿಗೆ, ನನಗಿಂತ ಹೆಚ್ಚು.

"ಆ ಹುಡುಗ ಒಳಗ ಹೋಗತಿದ್ದ. ಅದಕ್ಕ."

"ಅದು ಖರೆ."

"ಮತ್ತ ನಿಮಗ ಬೇಕಾದ್ದs ಆತಲ್ಲ. ನೀವs ನೌಕರಿ ಬ್ಯಾಡ ಅಂತಿದ್ರಿ."

"ಬ್ಯಾಡ ಅಂತಿದ್ದೆ," ಎಂದು ಕಿಟಕಿಯ ಕಡೆ ತಿರುಗಿದರು. "ಹಿಂಗ ಹೋಗಲಿ ಅಂತ ಅಂದಿದ್ದಿಲ್ಲ."

ಆಗಸ್ಟ್ 13

ದಫ್ತರದ ಕೋಣೆ. ಹಳೆಯ ಕಡತ, ಧೂಳು, ಸೀನು. ಸೀನಿದರೆ ಈಗಲೂ ಪಕ್ಕೆಲುಬು ಹಿಡಿಯುತ್ತದೆ. ಎಲ್ಲರಿಗೂ ಖುಷಿ. ಡಾಕ್ಟರಿಗೆ, ಸುರಭಿಗೆ, ಇವರ ಚಿಕ್ಕಮ್ಮನಿಗೆ. "ಆರಾಮ ಕೆಲಸ ಸಿಕ್ತಲ್ಲ!" ಆರಾಮ ಎಂಬ ಶಬ್ದ ಮಾತ್ರ ಯಾವ ಭಾಷೆಯಲ್ಲೂ ಮರೆಯುತ್ತಿಲ್ಲ.

ಮೊನ್ನೆಯ ಎರಡು ಸಾಕ್ಷಿಗಳಲ್ಲಿ ತಪ್ಪಿರಲಿಲ್ಲವಂತೆ. ನಂದಾ ಹೇಳಿದಳು. ಅಂದಿನಿಂದ ಮೊದಲ ಬಾರಿ ಚೆನ್ನಾಗಿ ಊಟ ಮಾಡಿದೆ.

ಆಗಸ್ಟ್ 29

ಬರೆಯುವಂಥದ್ದೇನೂ ಇಲ್ಲ. ಬಾತ್ಮಿಯ ಅಭ್ಯಾಸ ನಡೆದಿದೆ. ಗೊತ್ತಾದದ್ದು ಒಂದು: ಬೆಳಿಗ್ಗೆ ಬರುತ್ತದೆ, ಮಧ್ಯಾಹ್ನದ ಮೇಲೆ ಬರುವುದಿಲ್ಲ. ಉದ್ದ ಮಾತು ಬರುವುದಿಲ್ಲ, ತುಂಡು ಮಾಡಿ ಕೊಟ್ಟರೆ ಬರುತ್ತದೆ. ಅತ್ತೆಗೆ ಹೇಳಿದ್ದನ್ನು ಅವರಿಂದ ಮರಳಿ ಹೇಳಿಸುತ್ತೇನೆ. ತಪ್ಪಿದ್ದರೆ ಅಲ್ಲೇ ಸಿಗುತ್ತದೆ. ಆರೋಗ್ಯ ಎಂದರೆ ಮೊದಲಿನಂತಾಗುವುದು ಎಂದುಕೊಂಡಿದ್ದೆ. ಮೊದಲಿನವಳು ಬರುವುದಿಲ್ಲ. ಡಾಕ್ಟರು ಇದನ್ನು ಯಾಕೆ ಹೇಳುವುದಿಲ್ಲ?

ಈಗ ಒಬ್ಬಳೇ ಬಸ್ಸಿಗೆ ಹೋಗುತ್ತೇನೆ. ವಳಸಂಗದಲ್ಲಿ ಇವರಿಗೆ ಒಂದು ಮಿಸ್ಡ್ ಕಾಲ್. ಒಪ್ಪಂದ.

ಸೆಪ್ಟೆಂಬರ್ 17, ಬುಧವಾರ. ದಫ್ತರದ ಕೋಣೆ

ನಂದಾ ಓಡುತ್ತ ಬಂದಳು.

"ಲೇಖಾಬಾಯಿ, ಸಾಹೇಬರು ಕರಿತಾರ. ಕರಜಗಿಯಿಂದ ಒಬ್ಬಾಕಿ ಮುದುಕಿ ಬಂದಾಳ, ಅಕ್ಕನಾಗಮ್ಮ ಅಂತ. ಆಕಿ ಮಾತು ಸೋಮೇಶಗ ತಿಳಿವಲ್ದು, ಆಕಿಗೆ ಇವರದು ತಿಳಿವಲ್ದು. ಬರೇ ಅಳಾಕತ್ಯಾಳ. ನೀವು ಒಂದೀಟು ಬರ್ರಿ."

ಎದ್ದೆ. ಮತ್ತೆ ಕೂತೆ.

"ಸಾಹೇಬರಿಗೆ ಕೇಳು ನಂದಾ. ಒಂದು ಸಲಕ್ಕ ಒಂದs ಮಾತು. ನಾ ಹೇಳಿದ್ದನ್ನ ಮತ್ತ ಕನ್ನಡದಾಗ ಆಕಿಗೆ ಹೇಳಿ, ಆಕಿ ಹೌದು ಅಂದ ಮ್ಯಾಲೇ ಬರಕೋಬೇಕು. ಸೋಮೇಶ ಬಾಜೂಕ ನಿಂತು ಕೇಳಬೇಕು. ನನಗ ಶಬ್ದ ಸಿಗಲಿಲ್ಲಂದ್ರ ಸಿಗಲಿಲ್ಲ ಅಂತ ಹೇಳ್ತೀನಿ, ಯಾರೂ ಗಡಿಬಿಡಿ ಮಾಡಬಾರದು. ಇದಕ್ಕ ಹೂಂ ಅಂದ್ರ ಬರ್ತೀನಿ."

"ಸಾಹೇಬರಿಗೆ ಹಿಂಗ ಹೇಳಲಾ?"

"ಹಿಂಗs ಹೇಳು."

ಹೋಗಿದ್ದಾಳೆ. ಕೈ ಸುಮ್ಮನಿರಲಾರದು, ಅದಕ್ಕೆ ಇದನ್ನು ಬರೆಯುತ್ತಿದ್ದೇನೆ. ಇಲ್ಲ ಎಂದರೆ ಇಲ್ಲ. ಇಷ್ಟು ಷರತ್ತು ಹಾಕುವ ದುಭಾಷಿಯನ್ನು ನಾನಾದರೂ ಇಟ್ಟುಕೊಳ್ಳುತ್ತಿದ್ದೆನೇ? ಕಾರಿಡಾರಿನಲ್ಲಿ ಮುದುಕಿ ಇನ್ನೂ ಏನೋ ಹೇಳುತ್ತಿದ್ದಾಳೆ, ಇಲ್ಲಿಯವರೆಗೆ ಕೇಳುತ್ತದೆ. ಎಲ್ಲ ತಿಳಿಯುತ್ತಿದೆ ನನಗೆ. ಒಂದೊಂದು ಶಬ್ದವೂ.

ನಂದಾ ಬಂದಳು. ಬಾಗಿಲಲ್ಲೇ ನಿಂತು ತಲೆ ಆಡಿಸುತ್ತಿದ್ದಾಳೆ. ಹೂಂ ಅಂದರಂತೆ, ಎಲ್ಲದಕ್ಕೂ. ಕನ್ನಡಕ ಎಲ್ಲಿ ಇಟ್ಟೆ, ಈ ಕಡತದ ಕೆಳಗೆ ಇರ—